ಪುಟ್ಟತಾಯಮ್ಮನ ಅರ್ಜಿ

ಗ್ರಾಮ ಆಡಳಿತ ಅಧಿಕಾರಿ ಮೇಡಂ ಅವರಿಗೆ, ಕಲ್ಯದ ಚಿಕ್ಕರೇವಣ್ಣ ಮಾಡುವ ನಮಸ್ಕಾರಗಳು.

ನನ್ನ ಹೆಂಡತಿ ಪುಟ್ಟತಾಯಮ್ಮನಿಗೆ ಲಕ್ವ ಹೊಡೆದು ಎಡಗಾಲಿನ ಸ್ವಾಧೀನ ಹೋದ ಮೇಲೆ, ಅಂಗವಿಕಲರ ಪಿಂಚಣಿಗೆ ಅರ್ಜಿ ಕೊಟ್ಟು ಒಂಬತ್ತು ತಿಂಗಳಾಯಿತು. ರಾಮನಗರದ ಡಾಕ್ಟರ ಸರ್ಟಿಫಿಕೇಟಿನಲ್ಲಿ ‘ನಡೆಯಲಾರರು’ ಎಂದಿದೆ. ಮನೆಗೆ ಬಂದು ನೋಡುವುದೊಂದೇ ಬಾಕಿ, ಮುಂದಿನ ಸೋಮವಾರ ಬರುತ್ತೇನೆ ಎಂದು ನೀವು ಫೋನಿನಲ್ಲಿ ಹೇಳಿದಿರಿ.

ಅದಕ್ಕೆ ಮೊದಲು ಒಂದು ವಿಷಯ ತಿಳಿಸಬೇಕು. ಹೋದ ಗುರುವಾರ ನಾನು ರೇಷ್ಮೆ ಹುಳುವಿಗೆ ಸೊಪ್ಪು ಹಾಕಿ ಬರುವಷ್ಟರಲ್ಲಿ, ಅವಳು ಗೋಡೆ ಹಿಡಿದುಕೊಂಡು ಮಂಚದಿಂದ ಬಾಗಿಲವರೆಗೆ ನಡೆದು ಬಂದಿದ್ದಳು. ನಾನು ಅತ್ತುಬಿಟ್ಟೆ.

“ಅಳ್ಬ್ಯಾಡಿ. ಯಾರ್ಗೂ ಹೇಳ್ಲೂಬ್ಯಾಡಿ, ಅರ್ಜಿ ಹೊಂಟೋಯ್ತದೆ” ಅಂದಳು.

ಮೂರು ದಿನ ಬಾಯಿ ಬಿಡಲಿಲ್ಲ. ಆದರೆ ಇಷ್ಟು ದೊಡ್ಡ ಸಂತೋಷವನ್ನು ಮುಚ್ಚಿಟ್ಟುಕೊಳ್ಳಲು ನನ್ನಿಂದ ಆಗಲಿಲ್ಲ. ನಿನ್ನೆ, “ಮೇಡಮ್ಮೋರ್ಗೆ ಹೇಳ್ಬುಡ್ತೀನಿ ಕಣಮ್ಮಿ” ಅಂದೆ. ಅದಕ್ಕೆ ಅವಳು, “ಹಂಗಾದ್ರೆ ಅವ್ರು ಬಂದಾಗ ಬಾಗ್ಲು ನಾನೇ ತೆಗೀತೀನಿ” ಅಂದಳು.

ಪಿಂಚಣಿಯ ವಿಷಯದಲ್ಲಿ ನಿಮಗೆ ನ್ಯಾಯ ಕಂಡಂತೆ ಬರೆಯಿರಿ. ನನ್ನ ಕೋರಿಕೆ ಇಷ್ಟೇ. ಬಂದಾಗ ಹೊರಗಿನಿಂದ ಒಮ್ಮೆ ಕೂಗಿ, ಅಲ್ಲೇ ಜಗಲಿ ಮೇಲೆ ಕುಳಿತಿರಿ. ಅವಳು ಬರುವುದು ತಡವಾಗುತ್ತದೆ.

ಇಂತಿ ನಿಮ್ಮ ವಿಶ್ವಾಸಿ,
ಚಿಕ್ಕರೇವಣ್ಣ