ಹಡಗಿಗೆ ಕಟ್ಟಿದ್ದ ದಾರ

ಮಾವ,

ಎದುರಿಗೆ ನಿಂತು ಹೇಳಲಾಗದ್ದನ್ನು ಹೇಳಲು ಕಾಗದ ಹಿಡಿದು ಕೂತಿದ್ದೇನೆ. ಮೊದಲು ನಿಮ್ಮ ಎರಡೂ ಕೈಗಳಿಗೆ ನಮಸ್ಕಾರ. ಎಡಗೈಗೂ, ಅದಕ್ಕಿಂತ ಹೆಚ್ಚಾಗಿ ಬಲಗೈಗೂ. ಯಾಕೆ ಅಂತ ಮುಂದೆ ಬರೆಯುತ್ತೇನೆ.

ಅಕ್ಕನ ಮನೆಗೆ ನಾನು ಬಂದಾಗ ಒಂದು ಚೀಲ ಬಟ್ಟೆ, ಐದನೇ ಕ್ಲಾಸಿನ ಓದು, ಇಷ್ಟೇ ತಂದಿದ್ದೆ. ಅಕ್ಕ ನಿಮ್ಮನ್ನು ಮಾವ ಅನ್ನುತ್ತಿದ್ದಳು, ನಾನೂ ಹಾಗೇ ಕರೆದೆ. ಮೂರು ದಿನ ಆ ಒಂದು ಪದ ಬಿಟ್ಟು ಬೇರೇನೂ ಮಾತಾಡಲಿಲ್ಲವಂತೆ. ನಾಲ್ಕನೇ ದಿನ ಲಾಂಡ್ರಿಯಲ್ಲಿ ಕೆಲಸ ಸಿಕ್ಕಿತು ಅಂತ ಹೇಳಲು ಬಂದು, ಅರ್ಧಕ್ಕೇ ನಿಂತುಬಿಟ್ಟೆ. ನೀವು ನಕ್ಕಿರಿ. "ಏನಮ್ಮಾ ನೀನು, ಎಲ್ಲಿ ನೋಡಿದ್ರೂ ಅಲ್ಪವಿರಾಮ! ಪೂರ್ಣವಿರಾಮ ಹಾಕೋದು ಯಾವಾಗ?" ಅವತ್ತಿನಿಂದ ನನ್ನ ಹೆಸರೇ ಅಲ್ಪವಿರಾಮ ಆಯಿತು. ನಲವತ್ತು ವರ್ಷ ಛಾಪಖಾನೆಯಲ್ಲಿ ಒಂದೊಂದೇ ಅಕ್ಷರದ ಸೀಸದ ಅಚ್ಚುಮೊಳೆ ಜೋಡಿಸಿ ಪುಟ ಕಟ್ಟಿದವರು ನೀವು. ನಿಮಗೆ ಮನುಷ್ಯರೂ ಹಾಗೇ ಕಾಣುತ್ತಿದ್ದರು ಅನ್ನಿಸುತ್ತದೆ. ನಾನು ಬರೆದ ನಾಲ್ಕು ಸಾಲುಗಳನ್ನು ಕೆಂಪು ಪೆನ್ನಿನಲ್ಲಿ ತಿದ್ದಿ, "ಬಾಯಲ್ಲಿ ಬಾರದೇ ಇದ್ರೆ ಕೈಯಲ್ಲಿ ಬರುತ್ತೆ, ಬರಿ" ಅಂದಿರಿ. ಹಾಗೆ ಬರೆಯಲು ಕಲಿತ ಕೈಯಿಂದ ಇವತ್ತು ಇದನ್ನು ಬರೆಯಬೇಕಾಗಿ ಬಂದಿದೆ.

ಟಿವಿಯ ಕೆಳಗಿದ್ದ ಆ ಪೆಟ್ಟಿಗೆಯ ವಿಷಯ. ಭಾವ ಅದನ್ನು ಕನ್ಸೋಲ್ ಅನ್ನುತ್ತಿದ್ದರು, ನೀವು ಪೆಟ್ಟಿಗೆ ಅನ್ನುತ್ತಿದ್ದಿರಿ. ನಿಮಗೆ ಪಾರ್ಶ್ವವಾಯು ಹೊಡೆದು ಬಲಗೈ ಸೋತಾಗ ಫಿಸಿಯೋ ಮೇಡಂ ಹೇಳಿದ್ದರಲ್ಲ, ಬೆರಳುಗಳು ಮಲಗೋಕೆ ಬಿಡಬೇಡಿ ಅಂತ. ಅದಕ್ಕೇ ಭಾವ ನಿಮ್ಮ ಕೈಗೆ ಕಂಟ್ರೋಲರ್ ಕೊಟ್ಟರು. ನೀವು ಮೀನು ಹಿಡಿಯುವ ಆಟ ಆರಿಸಿಕೊಂಡಿರಿ. ಅಕ್ಕನಿಗೆ ಕಾರಿನ ರೇಸು. ಟೈಲರಿಂಗ್ ಅಂಗಡಿಯಲ್ಲಿ ದಿನವಿಡೀ ಬಾಯಲ್ಲಿ ಪಿನ್ನು ಕಚ್ಚಿಕೊಂಡಿರುವವಳು ಮನೆಗೆ ಬಂದು ರೇಸಿನಲ್ಲಿ ಕಿರುಚುತ್ತಿದ್ದಳು. ನಾನು ಖಾಲಿ ಕೋಣೆಗಳಿಗೆ ಬಣ್ಣ ಬಳಿದು ಕುರ್ಚಿ ಮೇಜು ಜೋಡಿಸುವ ಆಟ ಆಡುತ್ತಿದ್ದೆ. ಭಾವನದು ಹಡಗು.

ಆ ಪೆಟ್ಟಿಗೆಯಲ್ಲಿ ನನಗೆ ಇಷ್ಟವಾದದ್ದು ಒಂದೇ. ಯಾವ ಆಟವನ್ನೂ ಮುಗಿಸಬೇಕಾಗಿರಲಿಲ್ಲ. ಅಕ್ಕನ ಕಾರು ತಿರುವಿನಲ್ಲಿ ಒಂದು ಚಕ್ರ ಮೇಲೆತ್ತಿಕೊಂಡು ನಿಂತಿರುವಾಗಲೇ ನೀವು "ನನ್ನ ಕೆರೆ ಹಾಕ್ರೋ" ಅನ್ನುವಿರಿ. ಒಂದು ಗುಂಡಿ ಒತ್ತಿದರೆ ಕಾರು ಹಾಗೇ ನಿದ್ದೆ ಹೋಗಿ, ನಿಮ್ಮ ಕೆರೆ ಎದ್ದು ಕೂರುತ್ತಿತ್ತು. ನಿನ್ನೆ ನೀವು ಬಿಟ್ಟ ಗಾಳದ ಬೆಂಡು ಅದೇ ಅಲೆಯ ಮೇಲೆ ತೇಲುತ್ತಿರುತ್ತಿತ್ತು. ಅಷ್ಟರಲ್ಲಿ ಭಾವನ ಫೋನು ಬಡಿದುಕೊಳ್ಳುತ್ತಿತ್ತು, ಯಾವುದೋ ಕಟ್ಟಡದ ಲಿಫ್ಟಿನಲ್ಲಿ ಯಾರೋ ಸಿಕ್ಕಿಹಾಕಿಕೊಂಡಿದ್ದಾರೆ ಅಂತ. ಲಿಫ್ಟ್ ರಿಪೇರಿಯವರಿಗೆ ಹೊತ್ತು ಗೊತ್ತು ಎಲ್ಲಿದೆ? ಹಡಗನ್ನು ನಡುಗಡಲಲ್ಲಿ ಬಿಟ್ಟು ಹೋಗುತ್ತಿದ್ದರು. ಬಂದ ಮೇಲೆ ಅದೇ ಬಿರುಗಾಳಿ, ಅದೇ ಅಲೆ. ಮನೆಯ ಕರೆಂಟ್ ಹೋಗಿ ಬಂದರೂ ಅವು ಇದ್ದಲ್ಲೇ ಇರುತ್ತವೆ ಅಂತ ಭಾವ ಪ್ಲಗ್ ಕಿತ್ತು ತೋರಿಸಿದಾಗ ನೀವು ಬೆರಗಾಗಿ ಹೇಳಿದ್ದು ನೆನಪಿದೆ. "ಇದು ನಮ್ಮ ಪ್ರೆಸ್ಸಲ್ಲಿ ಕಟ್ಟಿಡ್ತಿದ್ದ ಪುಟ ಕಣೋ!"

ಜೋಡಿಸಿದ ಪುಟ ಮತ್ತೆ ಬೇಕಾದೀತು ಅಂತ ಮೊಳೆಗಳನ್ನು ಬಿಚ್ಚದೆ, ಸುತ್ತಲೂ ದಾರ ಬಿಗಿದು ಹಲಗೆಯ ಮೇಲೆ ಇಡುತ್ತಿದ್ದಿರಂತೆ. ಆದರೆ ಮೊಳೆ ಇರುವುದು ಇಷ್ಟೇ. ಹೊಸ ಪುಟಕ್ಕೆ ಅಕ್ಷರ ಸಾಲದೆ ಹೋದರೆ ಹಳೆಯದೊಂದನ್ನು ಬಿಚ್ಚಲೇಬೇಕು. ನಮ್ಮ ಪೆಟ್ಟಿಗೆಯೂ ಅಷ್ಟೇ, ನಾಲ್ಕು ಆಟ ಮಲಗಿಸಿಕೊಳ್ಳುತ್ತಿತ್ತು. ಐದನೆಯದು ತೆರೆದರೆ, ಎಲ್ಲಕ್ಕಿಂತ ಹೆಚ್ಚು ದಿನದಿಂದ ಮಲಗಿರುವುದನ್ನು ಹೇಳದೆ ಕೇಳದೆ ಹೊರಗೆ ಹಾಕುತ್ತಿತ್ತು. ಅದಕ್ಕೆ ನೀವು ನಿಮ್ಮ ಪ್ರೆಸ್ಸಿನ ಕಾನೂನನ್ನೇ ಮನೆಗೆ ತಂದಿರಿ. ಲಾಂಡ್ರಿಯಲ್ಲಿ ಗಂಟು ಕಟ್ಟುವ ಬಣ್ಣದ ದಾರಗಳನ್ನು ನನ್ನಿಂದಲೇ ತರಿಸಿದಿರಿ. ಅಕ್ಕನಿಗೆ ಕೆಂಪು, ನಿಮಗೆ ಬಿಳಿ, ನನಗೆ ಹಸಿರು, ಭಾವನಿಗೆ ನೀಲಿ. ಆಟ ಮಲಗಿದ್ದರೆ ಟಿವಿ ಸ್ಟ್ಯಾಂಡಿನ ಡ್ರಾಯರ್ ಹಿಡಿಗೆ ದಾರ ಕಟ್ಟಿರಬೇಕು. ಐದನೇ ದಾರ ಇಲ್ಲ, ಐದನೇ ಆಟವೂ ಇಲ್ಲ. "ಅಕಸ್ಮಾತ್ ಇನ್ನೊಬ್ಬರ ಪುಟ ಬಿಚ್ಚಿದ್ರೆ, ಬಿಚ್ಚಿದವನೇ ಆ ದಾರಾನ ತಗೊಂಡೋಗಿ ಅವರ ಕೈಗೆ ಕೊಡಬೇಕು. ನಮ್ಮಲ್ಲಿ ಪುಟ ಬಿಚ್ಚಿದ್ದಕ್ಕೆ ಯಾರ ಕೆಲಸಾನೂ ಹೋಗಿಲ್ಲ. ದಾರ ಬಚ್ಚಿಟ್ಟಿದ್ದಕ್ಕೆ ಇಬ್ಬರದು ಹೋಗಿದೆ" ಅಂದಿರಿ. ಎಲ್ಲರೂ ನಕ್ಕೆವು. ನಾನೂ ನಕ್ಕಿದ್ದೆ.

ಭಾವನ ಹಡಗಿನಲ್ಲಿ ಬಂದರು ಮುಟ್ಟುವವರೆಗೆ ಆಟ ಸೇವ್ ಮಾಡಿ ಉಳಿಸಿಕೊಳ್ಳುವ ಹಾಗಿರಲಿಲ್ಲ. ಹತ್ತೊಂಬತ್ತು ದಿನದಿಂದ ಅದು ಕಡಲಲ್ಲೇ ಇತ್ತು. ನೀವೂ ಭಾವನೂ ಬೇರೆ ಹೊತ್ತಿನಲ್ಲಿ "ಊಟ ಆಯ್ತಾ", "ಮಾತ್ರೆ ತಗೊಂಡ್ರಾ" ಇಷ್ಟರಲ್ಲೇ ಮುಗಿಸುವವರು. ಹಡಗು ಎದ್ದಾಗ ಮಾತ್ರ ಮನೆ ತುಂಬ ನಿಮ್ಮಿಬ್ಬರದೇ ಗಲಾಟೆ. "ಎಡಕ್ಕೆ ತಿರುಗಿಸೋ! ಬರೀ ಮೇಲೆ ಕೆಳಗೆ ಓಡಾಡೋದು ಗೊತ್ತು ನಿನಗೆ, ನೇರ ಹೋಗೋಕೆ ಬರಲ್ಲ." "ಕ್ಯಾಪ್ಟನ್ನರೇ, ನೀವು ಬಾಯಿ ಓಡಿಸ್ತೀರೋ ಹಡಗು ಓಡಿಸ್ತೀರೋ?" ಅಡುಗೆಮನೆಯಲ್ಲಿ ಅಕ್ಕ ನನ್ನ ಕಿವಿಯಲ್ಲಿ, "ಮದುವೆಯಾಗಿ ಆರು ವರ್ಷಕ್ಕೆ ಅಪ್ಪ ಮಗ ಇಷ್ಟು ಮಾತಾಡಿದ್ದು ಈಗಲೇ ಕಣೇ" ಅಂದಿದ್ದಳು. ಬೇರೆ ಊರಿನಲ್ಲಿ ಹೊಸ ಲಿಫ್ಟ್ ಕೂರಿಸುವ ಕೆಲಸಕ್ಕೆ ಐದು ದಿನ ಹೋಗುವಾಗ ಭಾವ ನೀಲಿ ದಾರವನ್ನು ಎರಡು ಗಂಟು ಹಾಕಿ ಕಟ್ಟಿದರು. "ಭಾನುವಾರ ಬಂದರು ಮುಟ್ಟಿಸೋಣ. ಅಪ್ಪಾ, ಎಲ್ಲೂ ಹೋಗಬೇಡಿ." ನೀವು, "ನಡುಗಡಲಲ್ಲಿ ಇನ್ನೆಲ್ಲಿಗೋ ಹೋಗಲಿ?" ಅಂದಿರಿ.

ಗುರುವಾರ ನನಗೆ ರಜೆ. ಲಾಂಡ್ರಿಯಲ್ಲಿ ಬೆಡ್‌ಶೀಟಿನ ಇನ್ನೊಂದು ತುದಿ ಹಿಡಿಯುವ ಗೆಳತಿಯ ಬಗ್ಗೆ ಹೇಳಿದ್ದೆನಲ್ಲ. ಇಬ್ಬರೂ ಹಿಂದೆ ಸರಿದು ಶೀಟು ಎಳೆದು, ಒದರಿ, ಮುಂದೆ ಬಂದು ತುದಿಗೆ ತುದಿ ಸೇರಿಸುತ್ತೇವೆ. ದಿನಕ್ಕೆ ಮುನ್ನೂರು ಸಲ. ಅವಳು ಒಮ್ಮೆ, "ನೀನು ಶೀಟು ಮಡಚೋದೇ ಡ್ಯಾನ್ಸ್ ಇದ್ದಂಗಿದೆ ಕಣೇ" ಅಂದಳು. ಆಮೇಲೆ ಒಂದು ಕುಣಿಯುವ ಆಟದ ಹೆಸರು ಹೇಳಿದಳು. ಫೋನನ್ನು ಕೈಯಲ್ಲಿ ಹಿಡಿದು ಟಿವಿಯಲ್ಲಿರುವವಳ ಹಾಗೇ ಕುಣಿದರೆ ಅಂಕ ಬರುತ್ತದಂತೆ. ಮಾವ, ನಾನು ಹುಟ್ಟಿದಾಗಿನಿಂದ ಯಾರ ಎದುರಿಗೂ ಕುಣಿದವಳಲ್ಲ. ಯಾರೂ ಇಲ್ಲದಾಗ ಒಂದೇ ಒಂದು ಸಲ ಅನ್ನಿಸಿತು. ಬೆಳಗ್ಗೆ ನೀವು ಮೀನು ಹಿಡಿದಿರಿ, ಊಟ ಮಾಡಿ ಒಳಕೋಣೆಯಲ್ಲಿ ಮಲಗಿದಿರಿ. ಪರದೆ ಎಳೆದು, ಟಿವಿಯ ಸದ್ದು ಸಣ್ಣ ಮಾಡಿ, ಐದನೇ ಆಟ ತೆರೆದೆ.

ಡ್ರಾಯರಿನ ಹಿಡಿಯಲ್ಲಿ ನಾಲ್ಕೂ ದಾರ ಕಾಣುತ್ತಿತ್ತು. ಭಾವ ಹೋದಾಗಿನಿಂದ ಯಾರೂ ಎಬ್ಬಿಸದೆ ಮಲಗಿದ್ದದ್ದು ಹಡಗೊಂದೇ ಅಂತಲೂ ಗೊತ್ತಿತ್ತು. ಮರೆತು ಮಾಡಿದೆ ಅಂತ ಬರೆದರೆ ಅದು ಎರಡನೇ ಸುಳ್ಳಾಗುತ್ತದೆ. ಹತ್ತು ನಿಮಿಷಕ್ಕೆ ಏನಾದೀತು ಅಂದುಕೊಂಡೆ. ಎರಡು ಹಾಡಿಗೆ ಕುಣಿದೆ. ಚೆನ್ನಾಗಿಯೇ ಕುಣಿದೆ, ಅದನ್ನು ನೆನೆದರೂ ಈಗ ನಾಚಿಕೆಯಾಗುತ್ತದೆ. ಆಮೇಲೆ ಹೆದರಿಕೆಯಾಗಿ, ಕುಣಿಯುವ ಆಟ ಮುಚ್ಚಿ ಹಡಗನ್ನು ಎಬ್ಬಿಸಿ ನೋಡಿದೆ. ಬಿರುಗಾಳಿ ಬರಲಿಲ್ಲ. ಆಟದ ಹೆಸರು ಬಂತು, ಬಾಜಾಬಜಂತ್ರಿ ಬಂತು, ಕೊನೆಗೆ ಬಂದದ್ದು ಹತ್ತೊಂಬತ್ತು ದಿನದ ಹಿಂದೆ ಬಿಟ್ಟಿದ್ದ ಹಳೇ ಬಂದರು. ಹಡಗು ದಡಕ್ಕೆ ಕಟ್ಟಿಕೊಂಡು ಸುಮ್ಮನೆ ನಿಂತಿತ್ತು.

ಆಗಲೇ ನೀಲಿ ದಾರ ಬಿಚ್ಚಿ, ಭಾವನ ಕೈಗೆ ಕೊಡಲು ಎತ್ತಿಡಬೇಕಿತ್ತು. ಬಿಚ್ಚಲಿಲ್ಲ. ಹಡಗು ಇನ್ನೂ ಕಡಲಲ್ಲಿದೆ ಅನ್ನುವ ಹಾಗೆ ಆ ದಾರ ಭಾನುವಾರದವರೆಗೆ ಅಲ್ಲೇ ಇತ್ತು.

ಭಾನುವಾರ ಭಾವ ಸ್ನಾನ ಮಾಡಿ, ಎರಡು ಲೋಟ ಟೀ ಹಿಡಿದು, "ಬನ್ನಿ ಕ್ಯಾಪ್ಟನ್" ಅಂತ ನಿಮ್ಮನ್ನು ಕರೆದರು. ನೀವು ಕನ್ನಡಕ ಒರೆಸಿಕೊಂಡು ಬಂದಿರಿ. ಟಿವಿಯಲ್ಲಿ ಹಳೇ ಬಂದರು ಕಂಡಿತು. ಭಾವ ಟೀ ಲೋಟ ಕೆಳಗಿಟ್ಟರು. ಆಮೇಲೆ ಕೇಳಿದರು, "ಯಾರು ಮುಟ್ಟಿದ್ದು?"

ಮಾವ, ನಾನು ಬಾಯಿ ಬಿಟ್ಟು ನಿಮ್ಮ ಹೆಸರು ಹೇಳಲಿಲ್ಲ. ಇಷ್ಟು ದಿನ ಇದೊಂದನ್ನೇ ಹಿಡಿದುಕೊಂಡು ನನಗೆ ನಾನೇ ಸಮಾಧಾನ ಹೇಳಿಕೊಳ್ಳುತ್ತಿದ್ದೆ. ಆದರೆ ನಾನು ನಿಮ್ಮ ಬಲಗೈಯನ್ನು ನೋಡಿದೆ. ಟೀ ಲೋಟ ಹಿಡಿದು ನಡುಗುತ್ತಿದ್ದ ಕೈಯನ್ನು. ನಾನು ನೋಡಿದ್ದನ್ನು ಅಕ್ಕ ನೋಡಿದಳು, ಅಕ್ಕ ನೋಡಿದ್ದನ್ನು ಭಾವ ನೋಡಿದರು, ಕೊನೆಗೆ ನೀವೂ ನಿಮ್ಮ ಕೈಯನ್ನೇ ನೋಡಿಕೊಂಡಿರಿ. ಕುಂಬಳಕಾಯಿ ಕಳ್ಳ ಅಂದರೆ ಕಳ್ಳ ಹೆಗಲು ಮುಟ್ಟಿ ನೋಡಿಕೊಳ್ಳುತ್ತಾನಂತೆ. ನಮ್ಮ ಮನೆಯಲ್ಲಿ ಕದಿಯದವರು ಮುಟ್ಟಿ ನೋಡಿಕೊಂಡಿರಿ, ಕದ್ದವಳು ಬಾಗಿಲಿಗೆ ಒರಗಿ ನಿಂತಿದ್ದಳು.

"ನಾನೇ ಇರಬೇಕು ಕಣೋ. ಗುರುವಾರ ಮೀನು ಹಿಡಿಯೋವಾಗ ಎರಡು ಸಲ ಬೇರೆ ಗುಂಡಿ ಒತ್ತಿದ ಹಾಗಿತ್ತು."

"ಕೈ ಮೇಲೆ ಹಿಡಿತ ಇಲ್ಲ ಅಂದ್ಮೇಲೆ ನಾನಿಲ್ಲದಾಗ ಯಾಕೆ ಮುಟ್ಟೋಕೆ ಹೋಗ್ತೀರಪ್ಪಾ?"

"ಅಯ್ಯೋ, ಆಟ ತಾನೇ, ಬಿಡ್ರೀ" ಅಂದಳು ಅಕ್ಕ. ಭಾವ ದಾರ ಕಿತ್ತು ಮೂಲೆಗೆ ಎಸೆದರು. ನಾನು ಗುಡಿಸುವ ನೆಪದಲ್ಲಿ ಅದನ್ನು ಎತ್ತಿಕೊಂಡೆ.

ಯಾಕೆ ಹೇಳಲಿಲ್ಲ ಅಂದರೆ ನನ್ನ ಹತ್ತಿರ ದೊಡ್ಡ ಕಾರಣ ಇಲ್ಲ. ಅಕ್ಕನ ಮನೆಯಲ್ಲಿ ಇರುವವಳು ನಾನು. ಒಂದು ಲೋಟ ಒಡೆದರೂ ಅದು ಅವರ ಲೋಟ ಅನ್ನಿಸುತ್ತದೆ. ನೀವಾದರೆ ಮನೆಯ ಹಿರಿಯರು, ನಿಮ್ಮನ್ನು ಯಾರು ಹೊರಗೆ ಹಾಕುತ್ತಾರೆ ಅಂದುಕೊಂಡೆ.

ಅವತ್ತಿನಿಂದ ಕಂಟ್ರೋಲರ್ ನಿಮ್ಮ ಕೈಗೆ ಬರಲಿಲ್ಲ. ಬಿಳಿ ದಾರವನ್ನು ನೀವೇ ಬಿಚ್ಚಿ ಡ್ರಾಯರಿನೊಳಗೆ ಇಟ್ಟಿರಿ. ಒಂದೇ ದಿನ ಮೂರು ಸಲ, "ನಾನು ಮಾತ್ರೆ ತಗೊಂಡ್ನಾ?" ಅಂತ ಕೇಳಿದಿರಿ. ತಗೊಂಡಿದ್ದಿರಿ. ನನ್ನ ಬರಹದ ಹಾಳೆ ಕೊಟ್ಟರೆ, "ನನ್ನ ಕೈಯನ್ನ ನಾನೇ ನಂಬೋ ಹಾಗಿಲ್ಲಮ್ಮಾ, ಒಳ್ಳೇದನ್ನೂ ಹೊಡೆದುಹಾಕಿಬಿಡ್ತೀನಿ" ಅಂತ ತಿದ್ದದೆ ವಾಪಸ್ ಕೊಟ್ಟಿರಿ. ಆಗಲೂ ನಾನು ಹಾಳೆ ಇಸಿದುಕೊಂಡು ಸುಮ್ಮನೆ ಒಳಗೆ ಹೋದೆ. ತಿಂಗಳು ತುಂಬುವುದರೊಳಗೆ, ಸ್ವಲ್ಪ ದಿನ ಮಗಳ ಮನೆಯಲ್ಲಿ ಇದ್ದು ಬರುತ್ತೇನೆ ಅಂತ ನೀವು ಹೊರಟಿರಿ. ನಿಮ್ಮ ಚೀಲಕ್ಕೆ ಬಟ್ಟೆ ಮಡಚಿ ಇಟ್ಟವಳೂ ನಾನೇ.

ಮೊನ್ನೆ ನಿಮ್ಮ ಮಗಳ ಫೋನು ಬಂತು. ಅಕ್ಕ ರೊಟ್ಟಿಹಿಟ್ಟಿನ ಕೈಯಲ್ಲಿದ್ದಳು, ಸ್ಪೀಕರ್ ಹಾಕಿದ್ದಳು. "ಅಪ್ಪ ಇಲ್ಲಿ ಲೈಟಿನ ಸ್ವಿಚ್ ಕೂಡ ಮುಟ್ಟಲ್ಲ ಅತ್ತಿಗೆ. ಸಂಜೆ ಕತ್ತಲೆ ಕೋಣೇಲಿ ಕೂತಿರ್ತಾರೆ. ಯಾಕಪ್ಪಾ ಅಂದ್ರೆ, ನಾನು ಮುಟ್ಟಿದ್ರೆ ಏನಾದ್ರೂ ಕೆಡುತ್ತೆ, ನೀನೇ ಹಾಕು ಅಂತಾರೆ." ನಾನು ಇಸ್ತ್ರಿ ಮಾಡುತ್ತಿದ್ದೆ. ಬೇರೆಯವರ ಶೀಟುಗಳನ್ನು ಎರಡು ವರ್ಷದಿಂದ ಸುಕ್ಕಿಲ್ಲದೆ ಮಡಚುವವಳು, ಅವತ್ತು ಅಕ್ಕನ ಸೀರೆ ಸುಟ್ಟೆ.

ಸಂಜೆ ಭಾವ ವರಾಂಡದಲ್ಲಿ ಕೂತು ಸ್ಪ್ಯಾನರುಗಳನ್ನು ಒರೆಸುತ್ತಿದ್ದರು. ಹೋಗಿ ನೀಲಿ ದಾರವನ್ನು ಅವರ ಕೈಗೆ ಕೊಟ್ಟೆ. ಎಲ್ಲಾ ಹೇಳಿದೆ, ಕುಣಿದದ್ದನ್ನೂ. ಎಷ್ಟು ಸಲ ನಿಂತೆನೋ ಲೆಕ್ಕವಿಲ್ಲ, ಆದರೆ ಕೊನೆವರೆಗೂ ಹೇಳಿದೆ. ಅವರು ಬೈಯಲಿಲ್ಲ. ಬೈದಿದ್ದರೆ ಚೆನ್ನಾಗಿತ್ತು. ಒರೆಸಿದ ಸ್ಪ್ಯಾನರನ್ನೇ ಮತ್ತೆ ಒರೆಸುತ್ತಾ, "ನಾನು ಅಪ್ಪನಿಗೆ ಕೈ ಮೇಲೆ ಹಿಡಿತ ಇಲ್ಲ ಅಂದ್ನಲ್ಲಾ" ಅಂದರು. ಆಮೇಲೆ ದಾರವನ್ನು ನನಗೇ ವಾಪಸ್ ಕೊಟ್ಟು, "ಇದು ನನಗೆ ಕೊಡೋದಲ್ಲ. ಅಪ್ಪನಿಗೆ ಕೊಡು" ಅಂದರು.

ಅದಕ್ಕೆ ಈ ಪತ್ರ. ಭಾವ ನಾಳೆ ಬೆಳಗ್ಗೆ ಅಲ್ಲಿಗೆ ಹೊರಡುತ್ತಿದ್ದಾರೆ, ಅವರ ಕೈಯಲ್ಲೇ ಕಳಿಸುತ್ತಿದ್ದೇನೆ. ಅವರಿಗೂ ನಿಮಗೆ ಹೇಳುವುದಿದೆಯಂತೆ. ನೀವು ಅವರ ಜೊತೆ ವಾಪಸ್ ಬರಬೇಕು ಅಂತ ಕೇಳುವ ಮುಖ ನನಗಿಲ್ಲ. ನನ್ನನ್ನು ಕ್ಷಮಿಸಿ ಅಂತಲೂ ಬರೆಯುವುದಿಲ್ಲ, ಬರೆದರೆ ನೀವು ಕ್ಷಮಿಸಿಬಿಡುತ್ತೀರಿ. ಇದೊಂದನ್ನು ನಂಬಿದರೆ ಸಾಕು. ಗುರುವಾರ ನೀವು ಯಾವ ತಪ್ಪು ಗುಂಡಿಯನ್ನೂ ಒತ್ತಲಿಲ್ಲ. ನಾನು ಅಲ್ಲೇ ಕೂತು ನೋಡಿದ್ದೆ. ನೀವು ಮೂರು ಮೀನು ಹಿಡಿದಿರಿ, ಕೆರೆಯನ್ನು ಸರಿಯಾಗಿ ಮಲಗಿಸಿ ದಾರ ಕಟ್ಟಿದಿರಿ. ಆ ಗಂಟು ಬಿಗಿಯಾಗಿತ್ತು, ಮಾವ. ಅದನ್ನು ಕಟ್ಟಿದ್ದು ನಿಮ್ಮ ಬಲಗೈ.

ಲಕೋಟೆಯಲ್ಲಿ ನೀಲಿ ದಾರ ಇದೆ. ಬಿಚ್ಚಿದವಳು ನಾನು, ನಿಮ್ಮ ಕೈಗೆ ಕೊಡುತ್ತಿದ್ದೇನೆ. ಪತ್ರದಲ್ಲಿ ತಪ್ಪುಗಳು ಬಹಳ ಇರಬಹುದು. ಜೊತೆಗೆ ಕೆಂಪು ಪೆನ್ನೂ ಇಟ್ಟಿದ್ದೇನೆ.

ಈ ಕಾಗದ ಓದುವ ಹೊತ್ತಿಗೆ ಕತ್ತಲಾಗಿದ್ದರೆ, ದಯವಿಟ್ಟು ನೀವೇ ಎದ್ದು ದೀಪ ಹಾಕಿಕೊಳ್ಳಿ. ನಿಮ್ಮ ಕೈ ನೂರು ಕಾಲ ಚೆನ್ನಾಗಿರಲಿ.

ತಲೆ ಎತ್ತಲಾಗದ,
ನಿಮ್ಮ ಅಲ್ಪವಿರಾಮ