ಹೋಗದೆ ಬರೆದ ಉರುಸಿನ ವರದಿ

ತುಮಕೂರು, ಮಂಗಳವಾರ

ಪ್ರೀತಿಯ ಅಕ್ಕಾ,

ನಾಳೆ ಇಲ್ಲಿನ ಪತ್ರಿಕೋದ್ಯಮದ ವಿದ್ಯಾರ್ಥಿಗಳಿಗೆ ನನ್ನ ಪಾಠ. ಇವತ್ತು ಬಿಡುವಿತ್ತು, ಚೇಳೂರು ಕಡೆಯ ಒಂದು ದರ್ಗಾಕ್ಕೆ ಹೋಗಿದ್ದೆ. ಉರುಸಿನ ಮೊದಲ ದೀಪಕ್ಕೆ ಎಂದಿನ ವಾಡಿಕೆಯಂತೆ ಲಿಂಗಾಯತರ ಕರಿಸಿದ್ದಪ್ಪನವರ ಮನೆಯಿಂದ ಎಣ್ಣೆ ಬಂತೆಂದು ಮೂವತ್ತು ವರ್ಷದ ಹಿಂದೆ ಪತ್ರಿಕೆಯಲ್ಲಿ ಬರೆದಿದ್ದೆನಲ್ಲ, ಅದೇ ದರ್ಗಾ. ಅಲ್ಲಿಗೆ ಹೋಗದೆ, ಹಿಂದಿನ ವರ್ಷದ ವರದಿ ನೋಡಿಕೊಂಡು ಬರೆದದ್ದು. ತರಗತಿಗಳಲ್ಲಿ ಅದನ್ನೇ ಮಾದರಿಯೆಂದು ಓದಿಸುತ್ತ ಬಂದೆ.

ಆ ವರ್ಷ ಆ ಮನೆಯವರಿಗೂ ದರ್ಗಾದವರಿಗೂ ಜಗಳವಾಗಿ ಎಣ್ಣೆ ಬಂದೇ ಇರಲಿಲ್ಲವಂತೆ. ದರ್ಗಾ ನೋಡಿಕೊಳ್ಳುವ ದಸ್ತಗೀರ್ ಸಾಬರು ನಗುತ್ತಲೇ ಹೇಳಿದರು: "ರಾಜಿ ಮಾಡ್ಸೋಕೆ ಗುಬ್ಬಿಯಿಂದ ದೊಡ್ಡೋರು ಹೊರಟಿದ್ರು ಸಾರ್. ಪೇಪರ್‌ನಾಗೆ ಎಲ್ಲಾ ಸರಿಯಾಗೈತೆ ಅಂತ ಬಂತು, ಬಸ್ಸೇ ಹತ್ತಲಿಲ್ಲ. ಅವತ್ತಿಂದ ಅಂಗಡಿ ಎಣ್ಣೇನೇ ಗತಿ. ಬರ್ದೋನು ಯಾವ ಪುಣ್ಯಾತ್ಮನೋ! ಬುಡಿ, ಟೀ ಕುಡೀರಿ."

ಸುಳ್ಳು ಬರೆದವರನ್ನು ಹೆಸರು ಹಿಡಿದು ಬೈಯುವ ನಾನು ಟೀ ಕುಡಿದು, ನನ್ನ ಹೆಸರು ಹೇಳದೆ ಎದ್ದು ಬಂದೆ. ಪಾದ್ರಿಗಳ ಮುಂದೆ ತಪ್ಪೊಪ್ಪಿಕೊಂಡು ಅಭ್ಯಾಸವಿದೆ. ಈ ಮನುಷ್ಯನ ಮುಂದೆ ಒಪ್ಪಿಕೊಳ್ಳಲು ಆಗಲಿಲ್ಲ.

ಬಿ.ಪಿ. ಮಾತ್ರೆ ತಪ್ಪಿಸಿಲ್ಲ, ಚಿಂತೆ ಬೇಡ. ಪಾಠ ಹನ್ನೊಂದಕ್ಕೆ. ಬೆಳಗಿನ ಬಸ್ಸಿಗೆ ಮತ್ತೆ ಚೇಳೂರಿಗೆ ಹೋಗುತ್ತೇನೆ. ಸಾಬರಿಗೆ ಹೇಳದೆ ಆ ಮಕ್ಕಳ ಮುಂದೆ ನಿಲ್ಲಲಾರೆ.

ನಿನ್ನ ತಮ್ಮ,
ವಲೇರಿಯನ್