ಬಾಬೆಲ್ಸ್‌ಬರ್ಗಿನಲ್ಲಿ ನಮ್ಮ ಅಡುಗೆಮನೆ

ಬಾಬೆಲ್ಸ್‌ಬರ್ಗ್
ಬುಧವಾರ, ೧೧ ನವೆಂಬರ್ ೧೯೯೮

ನನ್ನ ವೀಬ್ಕೆ,

ಲಕೋಟೆಯ ಮೇಲೆ ನನ್ನ ಅಕ್ಷರ ಕಂಡೊಡನೆ ಇದನ್ನು ಒಲೆಗೆ ಹಾಕಬೇಡ. ಹಾಕುವುದಾದರೆ ಓದಿಯಾದರೂ ಹಾಕು. ನೀನು ನನ್ನೊಡನೆ ಮಾತು ಬಿಟ್ಟು ಆರು ವರ್ಷವಾಯಿತು. ತಪ್ಪು ನನ್ನದೇ. ಅಜ್ಜಿಯನ್ನು ಮಣ್ಣು ಮಾಡಿದ ದಿನ ನಾನು ಪುಷ್ಪಚಕ್ರಗಳನ್ನು ಎತ್ತಿ ಎತ್ತಿ ಇಟ್ಟು, ಎರಡು ಹೆಜ್ಜೆ ಹಿಂದೆ ಸರಿದು, ಒಂದು ಕಣ್ಣು ಮುಚ್ಚಿ ನೋಡಿದೆ. "ಅಮ್ಮಾ, ಇದು ನಿನ್ನ ಸಿನಿಮಾ ಸೆಟ್ ಅಲ್ಲ, ನಮ್ಮಜ್ಜಿ!" ಎಂದು ಎಲ್ಲರೆದುರು ಕೂಗಿದೆ ನೀನು. ಆಗ ಕೋಪ ಬಂದಿತ್ತು. ಈಗ ನಾಚಿಕೆಯಾಗುತ್ತದೆ.

ನನ್ನ ಕೊನೆಯ ಕೆಲಸ ನಡೆಯುತ್ತಿದೆ, ಟಿವಿಗೆ ಒಂದು ಚಿತ್ರ. ನಲವತ್ತು ವರ್ಷದಲ್ಲಿ ಈ ಸ್ಟುಡಿಯೋದೊಳಗೆ ಅರಮನೆ, ಆಸ್ಪತ್ರೆ, ಕೊನೆಗೆ ಜಲಾಂತರ್ಗಾಮಿಯನ್ನೂ ಕಟ್ಟಿಸಿದವಳು ನಾನು. ಈ ಸಲ ಬೇಕಾಗಿದ್ದುದು ಅರವತ್ತೇಳರ ಕಾಲದ ಒಂದು ಬಡ ಅಡುಗೆಮನೆ. ಹುಡುಕಲು ಎಲ್ಲಿಗೂ ಹೋಗಲಿಲ್ಲ, ನಮ್ಮದನ್ನೇ ಕಟ್ಟಿಸಿದೆ. ಹೊಸ ವಾಲ್‌ಪೇಪರಿಗೆ ಕಡು ಚಹಾ ಬಳಿದು ಹಳತು ಮಾಡಿದೆವು. ಒಲೆಯ ಹಿಂದೆ ಮಸಿ, ಅಜ್ಜಿಯ ನೀಲಿ ಚುಕ್ಕಿಯ ಕಾಫಿ ಕೆಟಲ್, ಕಿಟಕಿಯಾಚೆ ಬಟ್ಟೆಯ ಮೇಲೆ ಬರೆದ ಚೆಸ್ಟ್‌ನಟ್ ಮರ.

ಒಂದು ದಿನ ಮಧ್ಯಾಹ್ನ ನಾಲ್ಕಕ್ಕೆ ದೀಪದವರು ಕಿಟಕಿಯಾಚೆ ಲೈಟು ಹಚ್ಚಿ ಅಲ್ಲಿ ಬೆಳಗು ಮಾಡಿ ಕಾಫಿಗೆ ಹೋದರು. ನಾನೊಬ್ಬಳೇ ಕೂತೆ. ಮೇಲೆ ಚಾವಣಿಯಿಲ್ಲ, ಎಲ್ಲೋ ಎತ್ತರದಲ್ಲಿ ಧೂಳು ಮಿನುಗುತ್ತ ತೇಲುತ್ತಿತ್ತು. ಪಕ್ಕದ ಕೋಣೆಯಲ್ಲಿ ಅಜ್ಜಿ ಆಲೂಗಡ್ಡೆ ಸುಲಿಯುತ್ತ ನಿನಗೇನೋ ಹೇಳುತ್ತಿದ್ದಾಳೆ ಅನ್ನಿಸಿತು. ಪಕ್ಕದ ಕೋಣೆಯನ್ನು ನಾವು ಕಟ್ಟಿಯೇ ಇರಲಿಲ್ಲ, ಆದರೂ ಕಿವಿಗೊಟ್ಟೆ. ಎಷ್ಟು ಹೊತ್ತೋ ಗೊತ್ತಿಲ್ಲ. ಸುಖವಾಗಿತ್ತು ಮಗಳೇ.

ಎಗೋನ್ ನೆನಪಿದ್ದಾನಲ್ಲ, ನಮ್ಮ ಕೆಳಮನೆಯ ಬಡಗಿ? ಸ್ಟುಡಿಯೋದಲ್ಲಿ ಇನ್ನೂ ನನ್ನ ಜೊತೆಗೇ ಇದ್ದಾನೆ. ಅವನು ಬಂದು, ಮಗುವಿನ ಕುರ್ಚಿ ಎಲ್ಲಿಡಲಿ ಎಂದ. ಕಿಟಕಿಯ ಪಕ್ಕ ಎಂದೆ.

"ಯಾರು ಹೇಳಿದ್ದು ರೋಸಿ? ವೀಬ್ಕೆ ಕುರ್ಚಿ ಮೇಲೆ ಕೂತಿದ್ದೇ ಇಲ್ಲ. 'ಇವತ್ತೂ ತಡ' ಅಂತ ನೀನು ನನ್ನ ಕೈಲಿ ಹೇಳಿ ಕಳಿಸ್ತಿದ್ದೆ. ನಾನು ಹೋದಾಗೆಲ್ಲ ಅದು ಕಲ್ಲಿದ್ದಲ ಪೆಟ್ಟಿಗೆ ಮೇಲೆ ಕೂತು ಬಾಗಿಲೇ ನೋಡ್ತಿತ್ತು. ಊರವರ ಅಡುಗೆಮನೆಯೆಲ್ಲ ನಿಂಗೆ ಬಾಯಿಪಾಠ, ನಿನ್ನ ಮಗು ಎಲ್ಲಿ ಕೂರ್ತಿತ್ತು ಅಂತ ಗೊತ್ತಿಲ್ವಲ್ಲ ತಾಯಿ!"

ದೀಪದ ಬುಡದಲ್ಲೇ ಕತ್ತಲೆ. ಆ ಕೆಟಲ್ಲಿನ ಮೇಲೆ ಚುಕ್ಕಿ ಎಷ್ಟು ಎಂದು ನಾನು ಹೇಳಬಲ್ಲೆ, ನಿನ್ನ ಬಗ್ಗೆ ಅಷ್ಟೂ ಗೊತ್ತಿರಲಿಲ್ಲ. ಅಲ್ಲೇ ಅತ್ತುಬಿಟ್ಟೆ. ಎಗೋನ್ ಪಾಪ, ಬೈದದ್ದು ಹೆಚ್ಚಾಯಿತೆಂದು ಸುತ್ತಿಗೆ ಹಿಡಿದು ನಿಂತೇ ಇದ್ದ.

ಬರುವ ಮಂಗಳವಾರ ಸೆಟ್ ಒಡೆಯುತ್ತಾರೆ. ಅದಕ್ಕೆ ಮುಂಚೆ, ಈ ಭಾನುವಾರ ಬಂದು ನೋಡು. ರೋಸ್ಟಾಕ್‌ನಿಂದ ಬೆಳಗಿನ ರೈಲಿದೆ. ಹನ್ನೊಂದಕ್ಕೆ ಸ್ಟುಡಿಯೋ ಗೇಟಿನಲ್ಲಿ ನಿಂತಿರುತ್ತೇನೆ. ನಾನು ಇನ್ನೂ ಏನೇನು ತಪ್ಪಿದ್ದೇನೆ, ನೀನೇ ಹೇಳು. ಎದುರಾಡದೆ ಕೇಳುತ್ತೇನೆ.

ನಿನ್ನ ದಾರಿ ಕಾಯುವ ಅಮ್ಮ,
ರೋಸ್‌ವಿತಾ

ತಾ.ಕ.: ಲಕೋಟೆ ಅಂಟಿಸಿದವಳು ಮತ್ತೆ ಬಿಚ್ಚಿದೆ. ಸುಳ್ಳು ಹೇಳಿದೆ ಮಗಳೇ. ಚಿತ್ರೀಕರಣ ಮುಗಿದು ಆ ಅಡುಗೆಮನೆಯನ್ನು ಹೋದ ವಾರವೇ ಒಡೆದರು. ಈಗ ಅಲ್ಲಿ ಬರೀ ನೆಲ. ತೋರಿಸಲು ಏನೂ ಇಲ್ಲದೆ ನಿನ್ನನ್ನು ಕರೆಯುವ ಧೈರ್ಯ ನನಗಿರಲಿಲ್ಲ. ಈಗ ಹಾಗೆಯೇ ಕರೆಯುತ್ತಿದ್ದೇನೆ. ಭಾನುವಾರ ಹನ್ನೊಂದಕ್ಕೆ ಗೇಟಿನಲ್ಲಿ ನಾನೊಬ್ಬಳೇ ಇರುತ್ತೇನೆ, ನೋಡಲು ಬೇರೇನೂ ಇಲ್ಲ. ಬಾ.